ಮೂಕಚಿತ್ರದ ನೀತಿ



ಮಾತೇ ಇಲ್ಲದ ಕಲೆಯೊಂದು ನೀತಿಯನ್ನು ಬೋಧಿಸುವ ಬಗೆ ಯಾವುದು? ಅಮೆರಿಕದ ಆದಿಕಾಲದ ಮೂಕಚಿತ್ರಗಳು ಈ ಪ್ರಶ್ನೆಯನ್ನು ಎದುರಿಸಲೇಬೇಕಾಯಿತು. 1908ರ ಕ್ರಿಸ್ಮಸ್ಸಿನ ಮುನ್ನಾದಿನ ನ್ಯೂಯಾರ್ಕಿನ ಮೇಯರು ನಗರದ ಚಿತ್ರಮಂದಿರಗಳ ಪರವಾನಗಿಗಳನ್ನು ರದ್ದುಪಡಿಸಿದರು. ಮಾಲೀಕರು ನ್ಯಾಯಾಲಯದ ಮೊರೆಹೊಕ್ಕು ಬಾಗಿಲು ತೆರೆಸಿದರೇನೋ ನಿಜ. ಆದರೆ ಸಿನಿಮಾ ಕೀಳು ವಿನೋದವೆಂಬ ಅಪವಾದ ಸುಲಭವಾಗಿ ತೊಲಗಲಿಲ್ಲ. ಅದನ್ನು ತೊಡೆಯಲು ನೀತಿಕಥೆಗಳು ಒದಗಿಬಂದವು.

ಆಗ ಬಯೋಗ್ರಾಫ್ ಸಂಸ್ಥೆಯಲ್ಲಿದ್ದ ಡಿ. ಡಬ್ಲ್ಯು. ಗ್ರಿಫಿತ್ ಅವರು 1909ರಲ್ಲಿ ಒಂದೊಂದೇ ರೀಲಿನ ಎರಡು ಗಮನಾರ್ಹ ಚಿತ್ರಗಳನ್ನು ನಿರ್ದೇಶಿಸಿದರು. ಮೊದಲನೆಯದು ‘ಎ ಡ್ರಂಕರ್ಡ್ಸ್ ರಿಫರ್ಮೇಷನ್’. ಕುಡುಕ ತಂದೆಯೊಬ್ಬ ಮಗಳೊಡನೆ ನಾಟಕ ನೋಡುತ್ತಾನೆ. ರಂಗದ ಮೇಲೆ ಕುಡಿತದಿಂದ ಒಂದು ಸಂಸಾರ ಹಾಳಾಗುತ್ತಿದೆ. ಚಿತ್ರ ಒಮ್ಮೆ ರಂಗವನ್ನೂ ಒಮ್ಮೆ ಆ ತಂದೆಯನ್ನೂ ತೋರಿಸುತ್ತ ಹೋಗುತ್ತದೆ. ನಾಟಕ ಅವನಿಗೆ ಕನ್ನಡಿಯಾಗುತ್ತದೆ. ಅವನು ಕುಡಿತವನ್ನು ತೊರೆಯುತ್ತಾನೆ. ಒಲೆಯ ಬೆಳಕಿನಲ್ಲಿ ಸಂಸಾರ ಒಂದುಗೂಡುವಲ್ಲಿಗೆ ಕಥೆ ಮುಗಿಯುತ್ತದೆ.

ಎರಡನೆಯದು, ಫ್ರಾಂಕ್ ನಾರಿಸ್ ಅವರ ಬರಹಗಳನ್ನು ಆಧರಿಸಿದ ‘ಎ ಕಾರ್ನರ್ ಇನ್ ವೀಟ್’. ವ್ಯಾಪಾರಿಯೊಬ್ಬ ಗೋಧಿಯ ಮಾರುಕಟ್ಟೆಯನ್ನೆಲ್ಲ ಮುಷ್ಟಿಯಲ್ಲಿ ಹಿಡಿಯುತ್ತಾನೆ. ಐದು ಸೆಂಟಿನ ರೊಟ್ಟಿಗೆ ಹತ್ತು ಸೆಂಟಾಗುತ್ತದೆ. ಅತ್ತ ಧನಿಕರ ಔತಣ ನಡೆದಿದೆ. ಇತ್ತ ರೊಟ್ಟಿಯಂಗಡಿಯಲ್ಲಿ ಬಡವರ ಸಾಲು ಕಲ್ಲಿನಂತೆ ನಿಶ್ಚಲವಾಗಿ ನಿಂತಿದೆ. ಚಲಿಸುವುದೇ ಜೀವಾಳವಾದ ಕಲೆಯಲ್ಲಿ ಈ ನಿಶ್ಚಲತೆ ಎದೆಯನ್ನು ಇರಿಯುತ್ತದೆ. ಜಗತ್ತಿನ ಗೋಧಿಯೆಲ್ಲ ತನ್ನ ವಶವಾಯಿತೆಂಬ ಸುದ್ದಿ ಬಂದ ಸಂಭ್ರಮದಲ್ಲೇ ಆ ವ್ಯಾಪಾರಿ ಕಣಜದೊಳಕ್ಕೆ ಜಾರಿ, ಸುರಿಯುವ ಗೋಧಿಯಡಿ ಹೂತುಹೋಗುತ್ತಾನೆ.

ದುಷ್ಟನಿಗೆ ಶಿಕ್ಷೆಯಾಯಿತು, ಕಥೆ ಮುಗಿಯಿತು ಎನ್ನಬಹುದಲ್ಲವೆ? ಗ್ರಿಫಿತ್ ಅಲ್ಲಿಗೆ ನಿಲ್ಲಿಸುವುದಿಲ್ಲ. ಕೊನೆಯ ದೃಶ್ಯದಲ್ಲಿ ರೈತ ಒಂಟಿಯಾಗಿ ಹೊಲದಲ್ಲಿ ಬಿತ್ತುತ್ತಿದ್ದಾನೆ. ಮೆಲ್ಲನೆ ಕತ್ತಲು ಕವಿಯುತ್ತದೆ. ವ್ಯಾಪಾರಿಯ ಸಾವಿನಿಂದ ಅವನ ಬಾಳು ಹಸನಾದ ಲಕ್ಷಣ ಎಲ್ಲಿಯೂ ಕಾಣದು.

ಈ ಎರಡು ಚಿತ್ರಗಳ ನಡುವಣ ಅಂತರ ಸಾಮಾನ್ಯವಾದುದಲ್ಲ. ಕುಡುಕನ ಪಾಪ ಅವನೊಬ್ಬನದು. ಅವನ ಮನಸ್ಸು ತಿರುಗಿದರೆ ಮನೆ ಉಳಿಯುತ್ತದೆ. ಗೋಧಿಯ ದೊರೆಯ ಪಾಪ ವ್ಯವಸ್ಥೆಯೊಳಗೇ ಸೇರಿಕೊಂಡದ್ದು. ಅವನು ಸತ್ತರೂ ಅದು ಸಾಯದು. ಮೊದಲನೆಯ ಚಿತ್ರ ನೋಡುಗನಿಗೆ ಸಮಾಧಾನ ನೀಡಿ ಮನೆಗೆ ಕಳುಹಿಸುತ್ತದೆ. ಎರಡನೆಯದು ಆ ಸಮಾಧಾನವನ್ನು ಕೊಡಲು ಒಪ್ಪುವುದಿಲ್ಲ. ದುಷ್ಟನ ಪತನವನ್ನು ಕಂಡು ತೃಪ್ತರಾಗುವ ನಮ್ಮ ಧರ್ಮಬುದ್ಧಿ ಬಿತ್ತುವವನ ಹಸಿವನ್ನು ಮರೆಯುವುದಾದರೆ ಅದು ಎಂಥ ಧರ್ಮಬುದ್ಧಿ? ಕಾಲು ಗಂಟೆಯ ಆ ಮೂಕಚಿತ್ರ ಕೇಳುವ ಪ್ರಶ್ನೆ ಇದು. ಉತ್ತರವನ್ನು ಅದು ನಮಗೇ ಬಿಟ್ಟಿದೆ.