ಛಾಯಾಗ್ರಹಣದಿಂದ ನಿರ್ದೇಶನಕ್ಕೆ: ಜಪಾನಿನ ಎರಡು ದಾರಿಗಳು

ಜಪಾನಿನ ಚಿತ್ರೋದ್ಯಮವು ಶೋಚಿಕು, ತೋಹೊ ಮೊದಲಾದ ದೊಡ್ಡ ಸಂಸ್ಥೆಗಳ ಹಿಡಿತದಲ್ಲಿದ್ದ ಕಾಲದಲ್ಲಿ, ನಿರ್ದೇಶಕನಾಗಬಯಸುವವನು ಸಾಮಾನ್ಯವಾಗಿ ಸಹಾಯಕ ನಿರ್ದೇಶಕನಾಗಿ ಸೇರಿ, ಹಿರಿಯರ ಕೈಕೆಳಗೆ ವರ್ಷಗಟ್ಟಲೆ ದುಡಿದು, ಚಿತ್ರಕಥೆ ಬರೆಯುವುದನ್ನು ರೂಢಿಸಿಕೊಂಡು ಮೇಲೇರಬೇಕಾಗಿತ್ತು. ಛಾಯಾಗ್ರಹಣ ವಿಭಾಗದ್ದು ಬೇರೆಯೇ ಏಣಿ. ಅದನ್ನು ಹತ್ತಿದವನು ಕೊನೆಗೆ ಛಾಯಾಗ್ರಾಹಕನಾಗುತ್ತಿದ್ದನೇ ಹೊರತು, ನಿರ್ದೇಶನದ ಹೊಣೆ ಅವನ ಪಾಲಿಗೆ ಬರುತ್ತಿದ್ದುದು ಅಪರೂಪ.

ಈ ಗಡಿಯನ್ನು ಬೇಗನೆ ದಾಟಿದವರು ಯಸುಜಿರೊ ಓಜು. 1923ರಲ್ಲಿ ಅವರು ಶೋಚಿಕು ಸಂಸ್ಥೆಯ ಕಮಾತಾ ಸ್ಟುಡಿಯೊವನ್ನು ಸೇರಿದ್ದು ಛಾಯಾಗ್ರಹಣದ ಸಹಾಯಕರಾಗಿ. 1926ರಲ್ಲಿ ನಿರ್ದೇಶನ ವಿಭಾಗಕ್ಕೆ ಬಂದು, ಮರುವರ್ಷವೇ ಮೊದಲ ಚಿತ್ರವನ್ನು ನಿರ್ದೇಶಿಸಿದರು. ಆದರೆ ವಿಭಾಗ ಬದಲಾದರೂ ಕ್ಯಾಮೆರಾವನ್ನು ಅವರು ಇನ್ನೊಬ್ಬರಿಗೆ ಪೂರ್ತಿಯಾಗಿ ಒಪ್ಪಿಸಲಿಲ್ಲ. ತತಾಮಿ, ಅಂದರೆ ಜಪಾನಿನ ಮನೆಗಳಲ್ಲಿ ನೆಲಕ್ಕೆ ಹಾಸುವ ದಪ್ಪ ಚಾಪೆ, ಅದಕ್ಕೆ ಸಮೀಪವಾಗಿ ಕ್ಯಾಮೆರಾವನ್ನು ತಗ್ಗಿಸಿ ಇರಿಸುವುದು, ದೃಶ್ಯವನ್ನು ಹಿಗ್ಗಿಸದ, ಹತ್ತಿರಕ್ಕೂ ಎಳೆಯದ 50 ಮಿಲಿಮೀಟರ್ ಮಸೂರವನ್ನೇ ನೆಚ್ಚುವುದು, ಚೌಕಟ್ಟಿನೊಳಗಿನ ಲೋಟ ಬಟ್ಟಲುಗಳ ಸ್ಥಾನವನ್ನು ಸಹ ಕ್ಯಾಮೆರಾದಲ್ಲಿ ತಾವೇ ಇಣುಕಿ ನಿರ್ಧರಿಸುವುದು ಅವರ ಪದ್ಧತಿಯಾಯಿತು. ದಶಕಗಳ ಕಾಲ ಅವರೊಡನೆ ದುಡಿದ ಛಾಯಾಗ್ರಾಹಕ ಯೂಹಾರು ಅತ್ಸುತಾ ಅವರಿಗೆ ಇದರಿಂದ ಉಳಿದ ಸ್ವಾತಂತ್ರ್ಯ ಸಣ್ಣದೇ ಎನ್ನಬೇಕು.

ದೈಸಾಕು ಕಿಮುರಾ ಅವರದು ಇದಕ್ಕೆ ತದ್ವಿರುದ್ಧವಾದ ದೀರ್ಘ ದಾರಿ. 1958ರಲ್ಲಿ ತೋಹೊ ಸಂಸ್ಥೆಯನ್ನು ಸೇರಿದ ಅವರು ಅಕಿರಾ ಕುರೊಸಾವಾ ಅವರ 'ಯೋಜಿಂಬೊ' ಚಿತ್ರದಲ್ಲಿ, ನಟರು ಚಲಿಸಿದಂತೆಲ್ಲ ಬಿಂಬ ಮಸುಕಾಗದ ಹಾಗೆ ಮಸೂರವನ್ನು ಹೊಂದಿಸುವ ಸಹಾಯಕರಾಗಿದ್ದರು. 'ಹಕ್ಕೋದಾ ಪರ್ವತ'ದಂತಹ (1977) ಹಿಮದ ಚಿತ್ರಗಳಿಂದ ಛಾಯಾಗ್ರಾಹಕರಾಗಿ ಹೆಸರು ಮಾಡಿ, ಎಪ್ಪತ್ತರ ಹೊಸ್ತಿಲಲ್ಲಿ, 2009ರಲ್ಲಿ, 'ತ್ಸುರುಗಿದಾಕೆ' ಚಿತ್ರದ ಮೂಲಕ ನಿರ್ದೇಶಕರಾದರು. ಹಳೆಯ ಸ್ಟುಡಿಯೊ ಶ್ರೇಣಿ ಅಷ್ಟರಲ್ಲಿ ಸಡಿಲವಾಗಿತ್ತೆಂಬುದನ್ನೂ ಗಮನಿಸಬೇಕು. 'ತ್ಸುರುಗಿದಾಕೆ'ಯು 1907ರಲ್ಲಿ ಭೂಮಾಪನಕ್ಕಾಗಿ ಅದೇ ಹೆಸರಿನ ದುರ್ಗಮ ಶಿಖರವನ್ನೇರಿದ ಸೇನಾ ಮೋಜಣಿದಾರರ ಕಥೆ. ಗಣಕಯಂತ್ರ ನಿರ್ಮಿತ ದೃಶ್ಯಗಳನ್ನೂ ಆಕಾಶದಿಂದ ತೆಗೆಯುವ ಚಿತ್ರಗಳನ್ನೂ ಬದಿಗಿಟ್ಟು, ಕಿಮುರಾ ನಟರನ್ನು ನಿಜವಾದ ಬೆಟ್ಟಕ್ಕೇ ಹತ್ತಿಸಿ, ಕ್ಯಾಮೆರಾವನ್ನು ತಾವೇ ನಿರ್ವಹಿಸಿದರು. ಮಾತಿನ ಸನ್ನಿವೇಶಗಳು ಅಲ್ಲಲ್ಲಿ ಬಿಗಿದಂತೆ ಕಂಡರೂ, ಗಾಳಿಗೆ ಬಾಗಿ ನಡೆಯುವ ಮೈಗಳಲ್ಲಿನ ದಣಿವು ನಟನೆಯನ್ನು ಮೀರಿದ್ದು. ಜಪಾನ್ ಅಕಾಡೆಮಿಯು ಈ ಚಿತ್ರಕ್ಕಾಗಿ ಅವರಿಗೆ ನಿರ್ದೇಶನ, ಛಾಯಾಗ್ರಹಣ ಎರಡರ ಪ್ರಶಸ್ತಿಯನ್ನೂ ನೀಡಿತು. 2018ರ ಸಮುರಾಯ್ ಕಥೆ 'ಚಿರಿ ತ್ಸುಬಾಕಿ'ಯನ್ನು ನಿರ್ದೇಶಿಸುವಾಗಲೂ ಅವರು ಕ್ಯಾಮೆರಾವನ್ನು ಬಿಟ್ಟುಕೊಡಲಿಲ್ಲ.