ಕಾರಣ ಕಡತದಲ್ಲಿರಲಿ



ವರ್ಗಾವಣೆಯ ವ್ಯಾಜ್ಯಗಳನ್ನು ಕುರಿತ ಈ ಸಂಕಿರಣ ಸಾತನೂರಿನಂಥ ಹೋಬಳಿ ಕೇಂದ್ರದಲ್ಲಿ ನಡೆಯುತ್ತಿರುವುದು ಉಚಿತವಾಗಿಯೇ ಇದೆ. ಇಲ್ಲಿನ ನಾಡಕಚೇರಿಯ ಗ್ರಾಮ ಆಡಳಿತಾಧಿಕಾರಿ ತನ್ನ ವರ್ಗಾವಣೆಯನ್ನು ಪ್ರಶ್ನಿಸಬೇಕಾದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು. ವಿದ್ಯುತ್ ಕಂಪನಿಯಾದ ಬೆಸ್ಕಾಂನ ನೌಕರನಿಗೆ ಆ ಬಾಗಿಲಿಲ್ಲ. ಅವನ ದಾರಿ ಕಾರ್ಮಿಕ ಕಾನೂನು, ಇಲ್ಲವೇ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟು. ಎಲ್ಲಿಗೆ ಹೋದರೂ ಸಿಗುವ ಮೊದಲ ಉತ್ತರ ಮಾತ್ರ ಒಂದೇ: ವರ್ಗಾವಣೆ ಸೇವೆಯ ಸಹಜ ಅಂಗ, ದುರುದ್ದೇಶವೋ ನಿಯಮೋಲ್ಲಂಘನೆಯೋ ಕಂಡರೆ ಮಾತ್ರ ನಾವು ಕೈಹಾಕುತ್ತೇವೆ. 1990ರ ಶಿಲ್ಪಿ ಬೋಸ್, 1993ರ ಎಸ್.ಎಲ್. ಅಬ್ಬಾಸ್ ಪ್ರಕರಣಗಳಲ್ಲಿ ಸುಪ್ರೀಂ ಕೋರ್ಟ್ ಈ ಗೆರೆಯನ್ನು ಗಟ್ಟಿಯಾಗಿ ಎಳೆದಿದೆ. ನಮ್ಮ ರಾಜ್ಯದಿಂದಲೇ ಹೋದ 1986ರ ವರದರಾವ್ ಪ್ರಕರಣದಲ್ಲಿ, ಪದೇಪದೇ ಆಗುವ ಅಕಾಲಿಕ ವರ್ಗಾವಣೆ ನೌಕರನ ಸಂಸಾರವನ್ನೇ ಬುಡಮೇಲು ಮಾಡುತ್ತದೆ ಎಂದು ಅದೇ ನ್ಯಾಯಾಲಯ ಹೇಳಿತ್ತು. ಆ ಮಾತು ಉಳಿಯಿತು, ಅದಕ್ಕೆ ತಕ್ಕ ಪರಿಹಾರ ಬೆಳೆಯಲಿಲ್ಲ.

ತೊಡಕಿರುವುದು ದುರುದ್ದೇಶದ ಒರೆಗಲ್ಲಿನಲ್ಲಿ. ದುರುದ್ದೇಶ ಆರೋಪಿಸುವವನು ಅದು ಯಾರದೋ ಆ ವ್ಯಕ್ತಿಯನ್ನು ಹೆಸರು ಹಿಡಿದು ಪ್ರತಿವಾದಿಯಾಗಿಸಬೇಕು. ವರ್ಗಾವಣೆಗೆ ಶಿಫಾರಸು ಪತ್ರ ಕೊಟ್ಟ ಶಾಸಕರನ್ನು ‘ಸಿ’ ಗುಂಪಿನ ನೌಕರನೊಬ್ಬ ಕಟಕಟೆಗೆ ಎಳೆದು ಮತ್ತೆ ಅದೇ ತಾಲ್ಲೂಕಿನಲ್ಲಿ ಕೆಲಸ ಮಾಡಬೇಕೆಂದರೆ ಆಗುವ ಮಾತೇ? ಸಾಕ್ಷ್ಯವೆಲ್ಲ ಸರ್ಕಾರದ ಕಡತದಲ್ಲಿ, ಸಾಬೀತಿನ ಹೊಣೆ ನೌಕರನ ಹೆಗಲ ಮೇಲೆ! ಆದ್ದರಿಂದ ಕೇಳಬೇಕಾದ ಪ್ರಶ್ನೆಯನ್ನೇ ಬದಲಿಸಬೇಕೆಂಬುದು ನನ್ನ ವಾದ. ಮನಸ್ಸಿನಲ್ಲಿ ಏನಿತ್ತು ಎಂದು ಕೆದಕುವುದು ಬೇಡ. ಆದೇಶಕ್ಕೆ ಮೊದಲು ಕಡತದಲ್ಲಿ ಏನು ಬರೆದಿತ್ತು ಎಂದು ನೋಡೋಣ. 2013ರ ಜೂನ್ 7ರ ಸರ್ಕಾರಿ ಆದೇಶವು ಅವಧಿಪೂರ್ವ ವರ್ಗಾವಣೆಗೆ ಲಿಖಿತ ಕಾರಣವನ್ನೂ ಮುಖ್ಯಮಂತ್ರಿಗಳ ಪೂರ್ವಾನುಮತಿಯನ್ನೂ ಬಯಸುತ್ತದೆ. ಅನುಮತಿಯ ಸಹಿ ಸಲೀಸಾಗಿ ಬೀಳುತ್ತದೆ, ಕಾರಣದ ಜಾಗದಲ್ಲಿ ‘ಸಾರ್ವಜನಿಕ ಹಿತಾಸಕ್ತಿ’ ಎಂಬ ಎರಡೇ ಪದ. ಮೂಲ ಆದೇಶದಲ್ಲಿಲ್ಲದ ಕಾರಣವನ್ನು ಆಮೇಲೆ ಪ್ರಮಾಣಪತ್ರದಲ್ಲಿ ತುಂಬುವಂತಿಲ್ಲ ಎಂದು ಮೊಹಿಂದರ್ ಸಿಂಗ್ ಗಿಲ್ ಪ್ರಕರಣ 1977ರಲ್ಲೇ ಹೇಳಿದೆ. ಅದನ್ನು ಇಲ್ಲಿಗೂ ಅನ್ವಯಿಸಿದರೆ ಸಾಕು.

ಹೀಗಾದರೆ ಆಡಳಿತದ ಕೈ ಕಟ್ಟಿದಂತೆ, ಬೆಂಗಳೂರಿಗೆ ಹತ್ತಿರವಿರುವ ನಮ್ಮ ಕನಕಪುರದಂಥ ತಾಲ್ಲೂಕಿನಿಂದ ಯಾರೂ ಕದಲುವುದಿಲ್ಲ ಎಂಬ ಆಕ್ಷೇಪವಿದೆ. ಅದರಲ್ಲಿ ಹುರುಳಿದೆ, ವಶೀಲಿಯಿಂದ ಬೇರುಬಿಟ್ಟವರೂ ಇದ್ದಾರೆ. ಆದರೆ ಅವಧಿ ಮುಗಿದವರನ್ನು ಎತ್ತಲು ಯಾವ ಅಡ್ಡಿಯೂ ಇಲ್ಲ, ಕಾರಣ ಬರೆಯಬೇಕಾದ್ದು ಅವಧಿ ಮುಗಿಯದವರಿಗೆ ಮಾತ್ರ. ಮೊದಲು ಹೋಗಿ ಹಾಜರಾಗು, ಆಮೇಲೆ ಮನವಿ ಕೊಡು ಎಂಬ 1989ರ ಗುಜರಾತ್ ವಿದ್ಯುತ್ ಮಂಡಳಿ ಪ್ರಕರಣದ ಶಿಸ್ತೂ ಸರಿಯೇ. ಆದರೆ ನಡೆಯುವುದು ಬೇರೆ. ಹೊಸಬರು ಅದೇ ಮಧ್ಯಾಹ್ನ ಏಕಪಕ್ಷೀಯವಾಗಿ ಕಾರ್ಯಭಾರ ವಹಿಸಿಕೊಳ್ಳುತ್ತಾರೆ. ಹಳಬರು ತಡೆಯಾಜ್ಞೆ ತರುತ್ತಾರೆ. ಒಬ್ಬರ ಬಳಿ ಮೊಹರು, ಇನ್ನೊಬ್ಬರ ಬಳಿ ಲಾಗಿನ್. ಜಾತಿ-ಆದಾಯ ಪತ್ರಕ್ಕೆ ಬಂದ ರೈತ ನಾಳೆ ಬಾ ಅನ್ನಿಸಿಕೊಂಡು ಹಿಂತಿರುಗುತ್ತಾನೆ. ಕಾರಣವಿಲ್ಲದ ಆದೇಶದಿಂದ ಕೆಡುವುದು ಆಡಳಿತವೇ.

ಆದ್ದರಿಂದ ವಕೀಲ ಮಿತ್ರರಲ್ಲಿ ನನ್ನ ವಿನಂತಿ ಇಷ್ಟೇ: ಅವಧಿಪೂರ್ವ ವರ್ಗಾವಣೆಯ ಅರ್ಜಿಯಲ್ಲಿ ದುರುದ್ದೇಶದ ಪುಟಗಳನ್ನು ಬೆಳೆಸುವ ಬದಲು, ಮೊದಲ ವಿಚಾರಣೆಯ ದಿನವೇ ಮೂಲ ಕಡತ ಹಾಜರುಪಡಿಸುವಂತೆ ಕೇಳಿ.