ಪಟ್ಟಿಯಲ್ಲಿ ಹೆಸರಿಲ್ಲದ ನಟ

(ಭಾಷಣದ ಪೂರ್ಣಪಾಠ)



‘ಕಾಸಾಬ್ಲಾಂಕಾ’ ಎಂಬ ಅಮೆರಿಕದ ಚಿತ್ರವನ್ನು ತಮ್ಮಲ್ಲಿ ಹಲವರು ನೋಡಿರಬಹುದು. ನೋಡದವರೂ ಹೆಸರನ್ನಂತೂ ಕೇಳಿರುತ್ತೀರಿ. ಅದರಲ್ಲಿ ಒಂದು ಪ್ರಸಂಗವಿದೆ. ಫ್ರೆಂಚ್ ಪೊಲೀಸ್ ಅಧಿಕಾರಿಯೊಬ್ಬ ಜರ್ಮನರ ಮಾತಿನಂತೆ ರಿಕ್ ಎಂಬವನ ಹೋಟೆಲನ್ನು ಮುಚ್ಚಿಸಲು ಹೊರಡುತ್ತಾನೆ. ಕಾರಣ ಏನೆಂದರೆ, ಅಲ್ಲಿ ಜೂಜು ನಡೆಯುತ್ತಿದೆಯಂತೆ, ಅದನ್ನು ತಿಳಿದು ತನಗೆ ದಿಗ್ಭ್ರಮೆಯಾಗಿದೆಯಂತೆ! ಅಷ್ಟರಲ್ಲಿ ಜೂಜಿನ ಕೋಣೆಯಿಂದ ಒಬ್ಬ ಗಿಡ್ಡ ಮನುಷ್ಯ ಬಂದು, ಆ ಅಧಿಕಾರಿ ಅಂದು ಗೆದ್ದ ಹಣವನ್ನು ವಿನಯದಿಂದ ಆತನ ಕೈಗಿಡುತ್ತಾನೆ. ಅಧಿಕಾರಿ ಮೆಲ್ಲಗೆ ವಂದನೆ ಹೇಳಿ ಹಣ ತೆಗೆದುಕೊಂಡು, ಎಲ್ಲರೂ ಹೊರಗೆ ನಡೆಯಿರಿ ಎಂದು ಗರ್ಜಿಸುತ್ತಾನೆ. ಇದಕ್ಕೆ ನಗದ ಪ್ರೇಕ್ಷಕನನ್ನು ನಾವು ಕಂಡಿಲ್ಲ. ಫ್ರೆಂಚ್ ಅಧಿಕಾರಿಯ ಪಾತ್ರ ವಹಿಸಿದವನು ಕ್ಲಾಡ್ ರೇನ್ಸ್, ಲಂಡನ್ನಿನಲ್ಲಿ ಹುಟ್ಟಿದ ಇಂಗ್ಲಿಷ್ ನಟ. ಹಣ ತಂದುಕೊಟ್ಟವನು ನಿಜವಾದ ಫ್ರೆಂಚ್ ನಟ. ಇಂಗ್ಲಿಷಿನವನ ಹೆಸರು ಚಿತ್ರದ ಪಟ್ಟಿಯಲ್ಲಿದೆ, ಫ್ರೆಂಚಿನವನ ಹೆಸರು ಇಲ್ಲ.

ಈ ಹೆಸರಿಲ್ಲದವನೇ ಮಾರ್ಸೆಲ್ ದಾಲಿಯೊ. ಆತನ ವಿಷಯವನ್ನೇ ಇಂದು ನಾವು ತಮ್ಮ ಮುಂದೆ ಹೇಳಬೇಕೆಂದಿದ್ದೇವೆ. ಪಕ್ಷದ ವೇದಿಕೆಯಲ್ಲಿ ಸಿನಿಮಾದವನ ಕಥೆ ಏಕೆ ಎಂದು ಮೂಗು ಮುರಿಯುವವರಿದ್ದರೆ, ದಯವಿಟ್ಟು ಪೂರ್ತಿ ಕೇಳಿದ ಮೇಲೆ ಮುರಿಯಲಿ.

ದಾಲಿಯೊ ಹುಟ್ಟಿದ್ದು ಪ್ಯಾರಿಸಿನಲ್ಲಿ, 1899ರಲ್ಲಿ. ತಂದೆತಾಯಿ ರುಮೇನಿಯದಿಂದ ಬಂದ ಯೆಹೂದ್ಯರು. ಅವರಿಟ್ಟ ಹೆಸರು ಇಸ್ರೇಲ್ ಮೋಶೆ ಬ್ಲೌಶಿಲ್ಡ್. ಹುಡುಗ ಪ್ಯಾರಿಸಿನ ನಾಟಕಶಾಲೆಯಲ್ಲಿ ಕಲಿತು, ಹಾಡು ಹಾಸ್ಯದ ರಂಗಪ್ರದರ್ಶನಗಳಲ್ಲಿ ಪಳಗಿ, ಮೂವತ್ತರ ದಶಕದಲ್ಲಿ ಚಲಚ್ಚಿತ್ರಕ್ಕೆ ಬಂದ. ಎತ್ತರವಿಲ್ಲ, ಚೆಲುವಿಲ್ಲ, ದೊಡ್ಡ ಕಣ್ಣು, ಚಂಚಲವಾದ ಮುಖ. ಇಂಥವರಿಗೆ ನಿರ್ಮಾಪಕರು ಕೊಡುವುದೇನೆಂಬುದು ಎಲ್ಲ ದೇಶಗಳಲ್ಲೂ ಒಂದೇ: ಕಳ್ಳ, ದಲ್ಲಾಳಿ, ಗೂಢಚಾರ. 1937ರ ‘ಪೆಪೆ ಲ ಮೊಕೊ’ ಚಿತ್ರದಲ್ಲಿ ಆತನಿಗೆ ಸಿಕ್ಕಿದ್ದು ಪೊಲೀಸರಿಗೆ ಸುಳಿವು ಕೊಡುವ ದ್ರೋಹಿಯ ಪಾತ್ರ.

ಅದೇ ವರ್ಷ ಜಾನ್ ರೆನ್ವಾರ್ ಆತನ ಮುಖದಲ್ಲಿ ಬೇರೇನನ್ನೋ ಕಂಡ. ಮುಂದೆ ಬಂಗಾಳಕ್ಕೆ ಬಂದು ‘ದಿ ರಿವರ್’ ಚಿತ್ರವನ್ನು ತೆಗೆದನಲ್ಲ, ಅದೇ ರೆನ್ವಾರ್. ಆತನ ‘ಲಾ ಗ್ರಾಂದ್ ಇಲ್ಯೂಸಿಯೊಂ’, ಅಂದರೆ ‘ಮಹಾಭ್ರಮೆ’, ಮೊದಲ ಮಹಾಯುದ್ಧದಲ್ಲಿ ಜರ್ಮನರ ಸೆರೆ ಸಿಕ್ಕಿದ ಫ್ರೆಂಚ್ ಸೈನಿಕರ ಕಥೆ. ದಾಲಿಯೊ ಅದರಲ್ಲಿ ರೊಸೆಂತಾಲ್ ಎಂಬ ಶ್ರೀಮಂತ ಯೆಹೂದ್ಯ. ಮನೆಯಿಂದ ಬರುವ ತಿಂಡಿಯ ಪೊಟ್ಟಣಗಳನ್ನು ಜೊತೆಯ ಕೈದಿಗಳಿಗೆಲ್ಲ ಹಂಚುತ್ತಾನೆ. ಕೊನೆಗೆ ಅವನೂ, ಜಾನ್ ಗಬಾನ್ ವಹಿಸಿದ ಕೂಲಿಕಾರ ವರ್ಗದ ಸೈನಿಕ ಮಾರೆಶಾಲನೂ ಕೂಡಿ ಸೆರೆ ತಪ್ಪಿಸಿಕೊಳ್ಳುತ್ತಾರೆ. ಚಳಿ, ಹಸಿವು, ರೊಸೆಂತಾಲನ ಕಾಲು ಉಳುಕಿದೆ. ಮಾರೆಶಾಲನಿಗೆ ತಾಳ್ಮೆ ಕೆಟ್ಟು, ಯೆಹೂದ್ಯರನ್ನು ಕಂಡರೆ ತನಗೆಂದೂ ಆಗದು ಎಂದು ಬಾಯಿಬಿಟ್ಟು ಹೇಳಿಬಿಡುತ್ತಾನೆ, ಬಿಟ್ಟು ನಡೆಯುತ್ತಾನೆ. ರೊಸೆಂತಾಲ್ ಬಂಡೆಯ ಮೇಲೆ ಕುಳಿತು ಸಿಟ್ಟಿನಿಂದ, ಅಳು ನುಂಗಿಕೊಂಡು, ಮಕ್ಕಳ ಹಾಡೊಂದನ್ನು ಕಿರುಚಿ ಹಾಡುತ್ತಾನೆ. ದೂರ ಹೋಗುತ್ತಿರುವವನ ಬಾಯಲ್ಲೂ ಅದೇ ಹಾಡು ಬರುತ್ತದೆ, ನಡುವೆ ನಿಲ್ಲುತ್ತದೆ. ಸ್ವಲ್ಪ ಹೊತ್ತಿಗೆ ಮಾರೆಶಾಲ್ ಹಿಂದಿರುಗಿ ಬಂದು ನಿಂತಿದ್ದಾನೆ. ಕ್ಷಮೆ ಕೇಳುವ ಮಾತಿಲ್ಲ, ಉಪದೇಶವಿಲ್ಲ. ಹೆಗಲು ಕೊಟ್ಟು ನಡೆಸುತ್ತಾನೆ, ಅಷ್ಟೇ. ಜನಾಂಗದ್ವೇಷದ ಬಗ್ಗೆ ನಾವು ನೂರು ಭಾಷಣ ಮಾಡಿದರೂ ಈ ನಾಲ್ಕು ನಿಮಿಷಗಳ ತೂಕ ಬರಲಾರದು. ಗೊಬೆಲ್ಸ್ ಈ ಚಿತ್ರವನ್ನು ಜರ್ಮನಿಯಲ್ಲಿ ನಿಷೇಧಿಸಿದ.

ಆ ಕಾಲದ ಫ್ರಾನ್ಸನ್ನೂ ಸ್ವಲ್ಪ ನೋಡಬೇಕು. 1936ರಲ್ಲಿ ಪಾಪ್ಯುಲರ್ ಫ್ರಂಟ್ ಗೆದ್ದು ಸಮಾಜವಾದಿ ಲಿಯೊಂ ಬ್ಲೂಮ್ ಪ್ರಧಾನಿಯಾದ. ಕಾರ್ಮಿಕರಿಗೆ ವಾರಕ್ಕೆ 40 ಗಂಟೆಗಳ ದುಡಿಮೆ, ಸಂಬಳಸಹಿತ ಎರಡು ವಾರದ ರಜೆ ಬಂದದ್ದು ಆಗಲೇ. ಬ್ಲೂಮ್ ಯೆಹೂದ್ಯ. ಚುನಾವಣೆಗೆ ಮೊದಲೇ ಬಲಪಂಥದ ಪುಂಡರು ಆತನನ್ನು ನಡುಬೀದಿಯಲ್ಲಿ ರಕ್ತ ಬರುವಂತೆ ಹೊಡೆದಿದ್ದರು. ಶಾಸನಸಭೆಯಲ್ಲಿ ಕ್ಸಾವಿಯೆ ವಲಾ ಎಂಬ ಸದಸ್ಯ ಎದ್ದು, ಈ ಪುರಾತನ ದೇಶವನ್ನು ಮೊದಲ ಬಾರಿಗೆ ಒಬ್ಬ ಯೆಹೂದ್ಯ ಆಳಲಿದ್ದಾನೆ ಎಂದು ನಾಚಿಕೆಯಿಲ್ಲದೆ ಮೂದಲಿಸಿದ. ಐದು ವರ್ಷಗಳಾದ ಮೇಲೆ, 1941ರಲ್ಲಿ, ಯೆಹೂದ್ಯರ ‘ವ್ಯವಹಾರ’ ನೋಡಿಕೊಳ್ಳುವ ಸರ್ಕಾರಿ ಇಲಾಖೆಗೆ ಮೊದಲ ಮುಖ್ಯಸ್ಥನಾಗಿ ನೇಮಕವಾದವನು ಇದೇ ವಲಾ.

ಇಂಥ ಗಾಳಿ ಬೀಸುತ್ತಿರುವಾಗ ರೆನ್ವಾರ್ 1939ರಲ್ಲಿ ‘ಲಾ ರೆಗ್ಲ್ ದ್ಯು ಜ್ಯು’, ಅಂದರೆ ‘ಆಟದ ನಿಯಮ’ ಎಂಬ ಚಿತ್ರ ತೆಗೆದು, ಅದರಲ್ಲಿ ದಾಲಿಯೊಗೆ ದೊಡ್ಡ ಜಮೀನುದಾರ ಮಾರ್ಕಿಸ್‌ನ ಪಾತ್ರ ಕೊಟ್ಟ. ಕಳ್ಳನಾಗಿ ಬಂದಾಗ ಯಾರೂ ಕೇಳಲಿಲ್ಲ. ಮಾರ್ಕಿಸ್ ಆಗಿ ಬಂದಾಗ, ಯೆಹೂದ್ಯನು ಫ್ರೆಂಚ್ ಕುಲೀನನಾಗುವುದೆಂದರೇನು ಎಂದು ಬಲಪಂಥದ ಪತ್ರಿಕೆಗಳು ಕೂಗೆಬ್ಬಿಸಿದವು. ಆ ಕೂಗಿಗೆ ಉತ್ತರ ಚಿತ್ರದೊಳಗೇ ಇತ್ತು. ಸೇವಕರು ಅಡುಗೆಮನೆಯ ಪಕ್ಕದಲ್ಲಿ ಊಟಕ್ಕೆ ಕುಳಿತಿದ್ದಾರೆ. ಯಜಮಾನನ ತಾಯಿಯ ತಂದೆ ಫ್ರಾಂಕ್‌ಫರ್ಟಿನಿಂದ ಬಂದ ಒಬ್ಬ ರೊಸೆಂತಾಲ್ ಎಂದು ಒಬ್ಬ ಕುಹಕವಾಡುತ್ತಾನೆ. ಹೌದು, ಹಿಂದಿನ ಚಿತ್ರದ ಅದೇ ಹೆಸರು! ಆಗ ಅಡುಗೆಯವನು ಬಾಯಿ ಹಾಕುತ್ತಾನೆ. ಮೊನ್ನೆ ಯಜಮಾನ ತನ್ನನ್ನು ಕರೆಸಿ ಆಲೂಗಡ್ಡೆಯ ಪಲ್ಯದ ವಿಷಯಕ್ಕೆ ಬೈದನಂತೆ. ಬೇಯಿಸಿದ ಆಲೂಗಡ್ಡೆ ಇನ್ನೂ ಸುಡುತ್ತಿರುವಾಗಲೇ ಅದರ ಮೇಲೆ ಬಿಳಿಯ ದ್ರಾಕ್ಷಾರಸ ಸುರಿಯಬೇಕು. ಕೈ ಸುಡುತ್ತದೆಂದು ಆಳು ಹಾಗೆ ಮಾಡಿರಲಿಲ್ಲ. ಅಷ್ಟು ಸೂಕ್ಷ್ಮ ತಿಳಿದವನು, ಪರದೇಶಿಯೇ ಆಗಲಿ, ನಿಜವಾದ ದೊಡ್ಡ ಮನುಷ್ಯ ಎಂದು ಅಡುಗೆಯವನ ತೀರ್ಪು. ಯಜಮಾನನ ಕುಲವನ್ನು ತೂಗಿ ನೋಡುತ್ತಿರುವವರು ಆಳುಗಳು; ಒಡೆಯರ ವಿಷ ಕೆಳಗೆ ಎಲ್ಲಿಯವರೆಗೆ ಇಳಿಯುತ್ತದೆಂಬುದನ್ನು ರೆನ್ವಾರ್ ಮುಚ್ಚಿಡಲಿಲ್ಲ.

ಇನ್ನೊಂದು ದೃಶ್ಯ. ಮಾರ್ಕಿಸ್‌ಗೆ ಕೀಲಿಕೊಟ್ಟು ಆಡಿಸುವ ಗೊಂಬೆಗಳ, ವಾದ್ಯಗಳ ಹುಚ್ಚು. ತಾನು ಕೂಡಿಸಿದ್ದರಲ್ಲೆಲ್ಲ ಅತಿ ದೊಡ್ಡದಾದ, ದೀಪ ಹೊತ್ತಿಸಿದ ವಾದ್ಯಯಂತ್ರವೊಂದನ್ನು ಅತಿಥಿಗಳಿಗೆ ತೋರಿಸುತ್ತಾನೆ. ಪಕ್ಕದಲ್ಲಿ ನಿಂತ ದಾಲಿಯೊನ ಮುಖದಲ್ಲಿ ಹೆಮ್ಮೆಯಿದೆ, ಸಂಕೋಚವಿದೆ, ಎಲ್ಲಿ ನಕ್ಕುಬಿಡುತ್ತಾರೋ ಎಂಬ ಅಂಜಿಕೆಯಿದೆ. ತುಟಿ ಒರೆಸಿಕೊಳ್ಳುತ್ತಾನೆ. ಒಂದು ಮಾತೂ ಇಲ್ಲ. ತಾನು ತೆಗೆದ ದೃಶ್ಯಗಳಲ್ಲೆಲ್ಲ ಇದೇ ಅತ್ಯುತ್ತಮವೆಂದು ರೆನ್ವಾರ್ ಮುಂದೆ ಹೇಳಿಕೊಂಡ. ನಮಗೂ ಹಾಗೆಯೇ ತೋರುತ್ತದೆ. ಎಲ್ಲವೂ ತನ್ನದೇ ಆಗಿದ್ದೂ ಯಾವುದೂ ತನ್ನದಲ್ಲವೆಂದು ಒಳಗೊಳಗೇ ನಡುಗುವ ಮನುಷ್ಯನನ್ನು ಹೊಟ್ಟೆ ತುಂಬಿದ ಚೆಲುವ ನಾಯಕನೊಬ್ಬ ತೋರಿಸಲಾರ.

ಜುಲೈ ತಿಂಗಳಲ್ಲಿ ಪ್ಯಾರಿಸಿನ ಪ್ರೇಕ್ಷಕರು ಆ ಚಿತ್ರಕ್ಕೆ ಕೂಗುಹಾಕಿದರು. ಯುದ್ಧ ಶುರುವಾದ ಮೇಲೆ ಸರ್ಕಾರ ಅದನ್ನು ನಿಷೇಧಿಸಿತು. 1959ರಲ್ಲಿ ಕತ್ತರಿಸಿದ ತುಂಡುಗಳನ್ನು ಮತ್ತೆ ಜೋಡಿಸಿದ ಬಳಿಕವೇ ಜಗತ್ತು ಅದನ್ನು ಮಹಾಕೃತಿಯೆಂದು ಒಪ್ಪಿದ್ದು.

1940ರ ಜೂನ್‌ನಲ್ಲಿ ಜರ್ಮನ್ ಸೈನ್ಯ ಪ್ಯಾರಿಸಿನ ಹತ್ತಿರ ಬಂದಾಗ ದಾಲಿಯೊ, ತನ್ನ ಕಿರಿಯ ವಯಸ್ಸಿನ ಹೆಂಡತಿ ಮದಲೆನ್ ಲೆಬೋ ಎಂಬ ನಟಿಯೊಡನೆ ಊರು ಬಿಟ್ಟ. ಲಿಸ್ಬನ್ ಸೇರಿ, ಚಿಲಿ ದೇಶದ ರಹದಾರಿ ಸಂಪಾದಿಸಿ, ಹಡಗು ಹತ್ತಿದರು. ಮೆಕ್ಸಿಕೋ ತಲುಪಿದಾಗ ತಿಳಿಯಿತು, ಆ ರಹದಾರಿ ಖೋಟಾ ಎಂದು. ಹಡಗಿನಲ್ಲಿ ಇಂಥ ನಿರಾಶ್ರಿತರು ಬಹಳ ಮಂದಿ. ಕೊನೆಗೆ ಕೆನಡಾದ ತಾತ್ಕಾಲಿಕ ಪಾಸ್‌ಪೋರ್ಟ್ ಸಿಕ್ಕಿ ಅಮೆರಿಕ ಸೇರಿದರು. ಅತ್ತ ಫ್ರಾನ್ಸಿನಲ್ಲಿ, ಯೆಹೂದ್ಯನನ್ನು ಗುರುತಿಸುವುದು ಹೇಗೆಂದು ಜನರಿಗೆ ಕಲಿಸಲು ನಾಜಿಗಳು ಅಂಟಿಸಿದ ಭಿತ್ತಿಪತ್ರಗಳಲ್ಲಿ ದಾಲಿಯೊನ ಮುಖವನ್ನೇ ಅಚ್ಚು ಹಾಕಿಸಿದರು. ಆತನ ಮನೆಮಂದಿ ಯಾತನಾ ಶಿಬಿರಗಳಲ್ಲಿ ಮಡಿದರು.

ಪ್ಯಾರಿಸಿನಲ್ಲಿ ನೀನು ಫ್ರೆಂಚನೇ ಅಲ್ಲ ಎಂದರಲ್ಲ, ಹಾಲಿವುಡ್ಡಿನಲ್ಲಿ ಅದೇ ಮುಖ ‘ಅಪ್ಪಟ ಫ್ರೆಂಚ್’ ಮುಖವಾಯಿತು! ಮಾಣಿ ಬೇಕೇ, ಹೋಟೆಲಿನವನು ಬೇಕೇ, ಪಾದ್ರಿ ಬೇಕೇ, ದಾಲಿಯೊನನ್ನು ಕರೆಯಿರಿ. 1944ರ ‘ವಿಲ್ಸನ್’ ಚಿತ್ರದಲ್ಲಂತೂ ಆತ ಫ್ರಾನ್ಸಿನ ಪ್ರಧಾನಿ ಕ್ಲೆಮಾನ್ಸೊ. ಅದೇ ವರ್ಷ ‘ಟು ಹ್ಯಾವ್ ಅಂಡ್ ಹ್ಯಾವ್ ನಾಟ್’ನಲ್ಲಿ ಪ್ರತಿಭಟನಾಕಾರರಿಗೆ ಒತ್ತಾಸೆಯಾದ ಹೋಟೆಲ್ ಮಾಲೀಕ. 1942ರಲ್ಲಿ ತೆಗೆದ ‘ಕಾಸಾಬ್ಲಾಂಕಾ’ದಲ್ಲಿ ಆತನ ಕೆಲಸ ಜೂಜಿನ ಚಕ್ರ ತಿರುಗಿಸುವುದು. ಬಲ್ಗೇರಿಯದ ಬಡ ದಂಪತಿಗಳಿಗೆ ರಹದಾರಿಗೆ ಹಣವಿಲ್ಲ. ರಿಕ್ ಹೇಳಿದಂತೆ ಗಂಡ 22ನೆಯ ಮನೆಗೆ ಹಣ ಕಟ್ಟುತ್ತಾನೆ. ಒಡೆಯನ ಕಣ್ಸನ್ನೆ ತಿಳಿದು ಚಕ್ರ ತಿರುಗಿಸುವವನು ದಾಲಿಯೊ. ಎರಡು ಸಲವೂ 22 ಬರುತ್ತದೆ. ಖೋಟಾ ರಹದಾರಿ ಹಿಡಿದು ಸಮುದ್ರದ ಮೇಲೆ ಅಲೆದವನಿಗೆ, ಆ ಚಕ್ರದ ಹಿಂದೆ ನಿಂತಾಗ ಏನನ್ನಿಸಿರಬೇಕು!

ಚಿತ್ರದ ತುಂಬ ಇಂಥವರೇ. ಜರ್ಮನ್ ಮೇಜರ್ ಆದ ಕಾನ್ರಾಡ್ ವೈಟ್ ಹಿಟ್ಲರನನ್ನು ದ್ವೇಷಿಸಿ ದೇಶ ಬಿಟ್ಟವನು. ಹಿರಿಯ ಮಾಣಿಯಾದ ಸಕಾಲ್ ಹಂಗೆರಿಯ ಯೆಹೂದ್ಯ. ಫ್ರೆಂಚ್ ರಾಷ್ಟ್ರಗೀತೆ ಹಾಡುವಾಗ ಕಣ್ಣೀರು ಸುರಿಸುವ ಯುವತಿ ಮದಲೆನ್ ಲೆಬೋ. ಆಕೆಯ ಹೆಸರು ಮಾತ್ರ ಪಟ್ಟಿಯಲ್ಲಿದೆ. ಚಿತ್ರ ತೆಗೆಯುತ್ತಿದ್ದ ದಿನಗಳಲ್ಲೇ ಗಂಡಹೆಂಡಿರು ಬೇರೆಯಾದರು. ಪಟ್ಟಿಯಲ್ಲಿ ಹೆಸರಿದ್ದ ನಟರಲ್ಲಿ ಕೊನೆಯವರೆಗೆ ಬದುಕಿದ್ದವಳೂ ಅವಳೇ, ತೀರಿಕೊಂಡದ್ದು 2016ರಲ್ಲಿ.

ಯುದ್ಧ ಮುಗಿದ ಮೇಲೆ ದಾಲಿಯೊ ಸ್ವದೇಶಕ್ಕೆ ಹಿಂದಿರುಗಿದ. ಮತ್ತೆ ಅಮೆರಿಕಕ್ಕೆ ಹೋದ, ಮತ್ತೆ ಬಂದ. ಮಾರ್ಕಿಸ್‌ನಂಥ ಪಾತ್ರ ಮತ್ತೆ ಸಿಗಲಿಲ್ಲ. 1954ರ ‘ಸಬ್ರಿನಾ’ದಲ್ಲಿ ಅಡುಗೆ ಶಾಲೆಗೆ ಬರುವ ಮುದಿ ಬ್ಯಾರನ್ ಆತನೇ. ಕಥಾನಾಯಕಿ ಒಲೆ ಹೊತ್ತಿಸುವುದನ್ನೇ ಮರೆತದ್ದನ್ನು ಕಂಡು, ಇವಳ ಪ್ರೇಮ ಫಲಿಸಿಲ್ಲವೆಂದು ಕಂಡುಹಿಡಿಯುತ್ತಾನೆ. ಎರಡು ನಿಮಿಷದ ಕೆಲಸ. ಆದರೆ ಆ ಹುಡುಗಿಗೆ ದಾರಿ ತೋರಿಸುವವನು ಅವನೇ. 1963ರ ‘ಡೊನೊವನ್ಸ್ ರೀಫ್’ನಲ್ಲಿ ಕ್ಯಾಥೊಲಿಕ್ ಪಾದ್ರಿಯಾದ. ಈ ಪಾತ್ರಗಳಲ್ಲಿ ಹಲವು ಹೊಟ್ಟೆಪಾಡಿನವು, ಸುಳ್ಳೇಕೆ ಹೇಳಬೇಕು? ಒಂದು ಮಾತ್ರ ಬಿಡುವಂತಿಲ್ಲ. 1955ರಲ್ಲಿ ಅಮೆರಿಕದ ದೂರದರ್ಶನಕ್ಕೆ ‘ಕಾಸಾಬ್ಲಾಂಕಾ’ವನ್ನು ಧಾರಾವಾಹಿಯಾಗಿ ತೆಗೆದರು. ಕ್ಲಾಡ್ ರೇನ್ಸ್ ವಹಿಸಿದ್ದ ಪೊಲೀಸ್ ಅಧಿಕಾರಿಯ ಪಾತ್ರವನ್ನು ಈ ಬಾರಿ ದಾಲಿಯೊಗೆ ಕೊಟ್ಟರು. ಗೆದ್ದ ಹಣವನ್ನು ತಂದುಕೊಡುತ್ತಿದ್ದವನು ಹದಿಮೂರು ವರ್ಷಗಳ ನಂತರ ಅದನ್ನು ಪಡೆಯುವ ಕುರ್ಚಿಗೆ ಬಂದ. ಧಾರಾವಾಹಿ ಹತ್ತೇ ಕಂತುಗಳಲ್ಲಿ ಮುಗಿದುಹೋಯಿತು.

1973ರಲ್ಲಿ ಫ್ರಾನ್ಸಿನಲ್ಲಿ ‘ರಬ್ಬಿ ಜಾಕೋಬನ ಸಾಹಸಗಳು’ ಎಂಬ ಹಾಸ್ಯಚಿತ್ರ ಬಂತು. ಯೆಹೂದ್ಯರನ್ನು ಕಂಡರಾಗದ ಕಾರಖಾನೆಯ ಮಾಲೀಕನೊಬ್ಬ, ಪ್ರಾಣ ಉಳಿಸಿಕೊಳ್ಳಲು ಯೆಹೂದ್ಯ ಗುರುವಿನ ವೇಷ ಹಾಕಿ ಅವರ ನಡುವೆಯೇ ಕುಣಿಯಬೇಕಾಗಿ ಬರುವ ಕಥೆ. ಫ್ರಾನ್ಸಿಗೆ ಫ್ರಾನ್ಸೇ ಹೊಟ್ಟೆ ಹಿಡಿದುಕೊಂಡು ನಕ್ಕಿತು. ಕಳ್ಳಗುರುವಿನ ಪಾತ್ರ ಲೂಯಿ ದ ಫ್ಯುನೆಸ್‌ನದು. ಅಮೆರಿಕದಿಂದ ಬಂದು ಇಳಿಯುವ ಗಡ್ಡದ ನಿಜವಾದ ಗುರುವಿನ ಚಿಕ್ಕ ಪಾತ್ರದಲ್ಲಿದ್ದವನು ದಾಲಿಯೊ. ಮೂವತ್ತು ವರ್ಷಗಳ ಹಿಂದೆ ಭಿತ್ತಿಪತ್ರದ ಮೇಲಿದ್ದ ಮುಖವೇ ಈಗ ಚಿತ್ರಮಂದಿರದ ಪರದೆಯ ಮೇಲಿತ್ತು, ಈ ಸಲ ಪಟ್ಟಿಯಲ್ಲಿ ಹೆಸರಿನೊಂದಿಗೆ. ಹತ್ತು ವರ್ಷಗಳ ಮೇಲೆ, 1983ರ ನವೆಂಬರ್ 18ರಂದು, ತಾನು ಹುಟ್ಟಿದ ಪ್ಯಾರಿಸಿನಲ್ಲೇ ಆತ ತೀರಿಕೊಂಡ.